ನೋವಿಲ್ಲ ಎಂದು ಬರೆದಿದ್ದೀಯಲ್ಲ

ಚಿ|| ಶ್ರೀಧರನಿಗೆ ನಿನ್ನ ಮಾವನ ಆಶೀರ್ವಾದಗಳು.

ನಿನ್ನ ಪತ್ರ ತಲುಪಿತು. ಮನೆಯ ಸಮಾಚಾರವನ್ನೆಲ್ಲ ನಿನ್ನ ತಾಯಿ ಫೋನಿನಲ್ಲಿ ಹೇಳಿಯೇ ಇರುತ್ತಾಳೆ, ಅದನ್ನು ಮತ್ತೆ ಬರೆಯುವುದಿಲ್ಲ. ಪೀಣ್ಯದ ಕೆಲಸದಲ್ಲಿ ಬಡ್ತಿ ಸಿಕ್ಕಿದ್ದು ಓದಿ ಸಂತೋಷವಾಯಿತು. ಆದರೆ ಕಡೆಯ ಪುಟದಲ್ಲಿ ನೀನು ಬೇರೇನೋ ಹೇಳುತ್ತಾ ನಡುವೆ ತೂರಿಸಿದ ಒಂದು ಸಾಲು ನನ್ನನ್ನು ನಿದ್ದೆ ಮಾಡಗೊಡಲಿಲ್ಲ. ಲೋಹದ ಮೇಲೆ ವಿದ್ಯುತ್ತಿನಿಂದ ಕ್ರೋಮಿಯಂನ ದಪ್ಪ ಲೇಪ ಕೊಡುವ ಹಾರ್ಡ್ ಕ್ರೋಮ್ ಲೈನಿಗೆ ಬಂದ ಮೇಲೆ ಬೆಳಿಗ್ಗೆ ಮೂಗು ಸ್ವಚ್ಛಮಾಡಿಕೊಳ್ಳುವಾಗ ರಕ್ತ ಕಲೆತ ಹಕ್ಕಳೆ ಬರುತ್ತಿದೆ ಎಂದೂ, ಕ್ರೋಮಿಕ್ ಆಮ್ಲದ ಟ್ಯಾಂಕಿನಿಂದಲೇ ಇರಬಹುದೇ ಎಂದು ಒಮ್ಮೊಮ್ಮೆ ಹೆದರಿಕೆಯಾಗುತ್ತದೆ ಎಂದೂ, ಆದರೆ ನೋವೇನೂ ಇಲ್ಲದಿರುವುದರಿಂದ ಯಾರಿಗೂ ಹೇಳಿಲ್ಲವೆಂದೂ ಬರೆದಿದ್ದೀಯೆ. ನಿನ್ನ ಹೆದರಿಕೆ ಸರಿಯಾಗಿದೆ, ನೀನು ತಂದುಕೊಂಡ ಸಮಾಧಾನ ಸರಿಯಿಲ್ಲ. ಕ್ರೋಮಿಕ್ ಆಮ್ಲದ ಹುಣ್ಣಿಗೆ ನೋವು ಬಹಳ ಕಡಿಮೆ, ಎಷ್ಟೋ ವೇಳೆ ಇರುವುದೇ ಇಲ್ಲ.

ಟ್ಯಾಂಕಿನ ವಿಷಯ ನನಗಿಂತ ನಿನಗೇ ಹೆಚ್ಚು ಗೊತ್ತು. ಲೀಟರಿಗೆ ಸುಮಾರು 250 ಗ್ರಾಂ ಕ್ರೋಮಿಕ್ ಆಮ್ಲ, ಅದರ ನೂರನೆಯ ಒಂದು ಪಾಲು ಗಂಧಕಾಮ್ಲ, 55 ಡಿಗ್ರಿ ಬಿಸಿ, ಸೀಸದ ಆನೋಡು. ಇದರಲ್ಲಿ ನಾವು ಹರಿಸುವ ವಿದ್ಯುತ್ತಿನ ನೂರರಲ್ಲಿ ಹತ್ತರಿಂದ ಇಪ್ಪತ್ತು ಪಾಲು ಮಾತ್ರ ಲೋಹವನ್ನು ಕೂರಿಸಲು ಖರ್ಚಾಗುತ್ತದೆ. ಉಳಿದದ್ದು ಬಹುಪಾಲು ನೀರನ್ನು ಒಡೆದು ಹೈಡ್ರೋಜನ್ ಮತ್ತು ಆಕ್ಸಿಜನ್ ಗುಳ್ಳೆಗಳನ್ನು ಎಬ್ಬಿಸುತ್ತದೆ. ಪ್ರತಿಯೊಂದು ಗುಳ್ಳೆಯೂ ಮೇಲೆ ಬಂದು ಒಡೆಯುವಾಗ ದ್ರಾವಣದ ಸಣ್ಣ ಹನಿಗಳನ್ನು ಗಾಳಿಗೆ ಚಿಮ್ಮಿಸುತ್ತದೆ. ಟ್ಯಾಂಕಿನ ಅಂಚಿನ ಮೇಲೆ ಬಾಗಿ, ಲೇಪದ ವಸ್ತುಗಳನ್ನು ತೂಗುಹಾಕಿದ ಜಿಗ್ ಎತ್ತುವವನ ಮೂಗಿಗೆ ಆ ಮಂಜು ನೇರವಾಗಿ ಹೋಗಿ, ನಡುಗೋಡೆಯ ಮುಂಭಾಗದಲ್ಲಿ, ಮೃದ್ವಸ್ಥಿಯ ಮೇಲೆ ತೆಳ್ಳಗೆ ಚರ್ಮವಿರುವ ಕಡೆ ಕೂರುತ್ತದೆ.

ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ಪಿಯುಸಿ ಮಕ್ಕಳಿಗೆ ಸಂಕ್ರಮಣ ಲೋಹಗಳ ಪಾಠ ಮಾಡಿದವನು ನಾನು. ಹೊರಗಿನ ಎಸ್ ಎಲೆಕ್ಟ್ರಾನುಗಳೂ ಅದರ ಒಳಗಿನ ಡಿ ಎಲೆಕ್ಟ್ರಾನುಗಳೂ ಶಕ್ತಿಯಲ್ಲಿ ಹತ್ತಿರ ಹತ್ತಿರ ಇರುವುದರಿಂದ ಈ ಲೋಹಗಳು ಒಂದೇ ಲೆಕ್ಕದಲ್ಲಿ ಎಲೆಕ್ಟ್ರಾನ್ ಬಿಟ್ಟುಕೊಡುವುದಿಲ್ಲ, ಕಬ್ಬಿಣ ಎರಡು ಅಥವಾ ಮೂರು, ಮ್ಯಾಂಗನೀಸ್ ಎರಡರಿಂದ ಏಳರವರೆಗೆ, ಕ್ರೋಮಿಯಂ ಹೆಚ್ಚಾಗಿ ಮೂರು ಅಥವಾ ಆರು ಎಂದು ಬೋರ್ಡಿನ ಮೇಲೆ ಬರೆಯುತ್ತಿದ್ದೆ. ಪ್ಯಾರಿಸ್ಸಿನ ವೋಕೆಲಿನ್ 1797ರಲ್ಲಿ ಸೈಬೀರಿಯಾದ ಕೆಂಪು ಸೀಸದ ಅದಿರಿನಲ್ಲಿ ಈ ಲೋಹವಿದೆಯೆಂದು ಕಂಡುಕೊಂಡು, ಮರುವರ್ಷ ಅದರ ಆಕ್ಸೈಡನ್ನು ಇದ್ದಿಲಿನೊಡನೆ ಕಾಯಿಸಿ ಲೋಹವನ್ನು ಬೇರ್ಪಡಿಸಿದ ಕಥೆಯನ್ನು ಹೇಳುವುದೆಂದರೆ ನನಗೆ ಬಲು ಇಷ್ಟವಾಗಿತ್ತು. ಪಚ್ಚೆಯ ಹಸಿರಿಗೂ ಮಾಣಿಕ್ಯದ ಕೆಂಪಿಗೂ ಕಾರಣ ಒಂದೇ ಕ್ರೋಮಿಯಂ ಎಂದಾಗ ಹಿಂದಿನ ಬೆಂಚಿನವರೂ ತಲೆ ಎತ್ತುತ್ತಿದ್ದರು. ನಮ್ಮ ಬೈರಾಪುರದ ಗಣಿಯಿಂದ ತಂದ ಕ್ರೋಮೈಟಿನ ಕಪ್ಪು ತುಂಡನ್ನು ತರಗತಿಯಲ್ಲಿ ಕೈಯಿಂದ ಕೈಗೆ ದಾಟಿಸುತ್ತಿದ್ದೆ. ಅದರಲ್ಲಿರುವುದು ಮೂರು ವೇಲೆನ್ಸಿಯ, ಎಂದರೆ ಮೂರು ಎಲೆಕ್ಟ್ರಾನ್ ಬಿಟ್ಟುಕೊಟ್ಟ ಕ್ರೋಮಿಯಂ, ಮುಟ್ಟಿದರೆ ಏನೂ ಆಗದು. ನಿನ್ನ ಟ್ಯಾಂಕಿನಲ್ಲಿರುವುದು ಆರು ವೇಲೆನ್ಸಿಯದು. ಅದರ ಕ್ರೋಮೇಟ್ ಅಯಾನು ಆಕಾರದಲ್ಲಿ ಸಲ್ಫೇಟನ್ನು ಹೋಲುವುದರಿಂದ ಜೀವಕೋಶವು ತನಗೆ ಬೇಕಾದ ಸಲ್ಫೇಟೆಂದೇ ತಿಳಿದು ಅದನ್ನು ಒಳಗೆ ಬಿಟ್ಟುಕೊಳ್ಳುತ್ತದೆ. ಒಳಗೆ ಹೋದ ಮೇಲೆ ಅದು ಎಲೆಕ್ಟ್ರಾನುಗಳನ್ನು ಕಸಿದು ಮೂರಕ್ಕೆ ಇಳಿಯುವಷ್ಟರಲ್ಲಿ ಕೋಶದ ಡಿಎನ್ಎಯನ್ನು ಕೆಡಿಸಿರುತ್ತದೆ. ಬಣ್ಣದ ಪಾಠದಷ್ಟೇ ಉತ್ಸಾಹದಿಂದ ಈ ಪಾಠವನ್ನೂ ಮಾಡಿದ್ದರೆ ಎಂದು ಈಗ ಅನಿಸುತ್ತದೆ, ಪಠ್ಯದಲ್ಲಿ ಇರಲಿಲ್ಲವೆಂಬುದು ನಿಜವಾದರೂ.

ನಾನು ಅಧ್ಯಾಪಕನಾಗುವ ಮೊದಲು ಬೆಂಗಳೂರಿನ ಒಂದು ಪ್ಲೇಟಿಂಗ್ ಶಾಪಿನಲ್ಲಿ ಲೆಕ್ಕ ಬರೆಯುತ್ತಿದ್ದುದು ನಿನಗೆ ಗೊತ್ತಿರಲಾರದು. ಸೈಕಲ್ ಹ್ಯಾಂಡಲ್ಲುಗಳಿಗೆ ನಿಕ್ಕಲ್ ಕೊಟ್ಟು, ಅದರ ಮೇಲೆ ಹೊಳಪಿಗೆ ತೆಳುವಾಗಿ ಕ್ರೋಮ್ ಕೊಡುತ್ತಿದ್ದರು. ಅಲ್ಲಿ ವಯಸ್ಸಾದ ಒಬ್ಬ ಕೆಲಸಗಾರನಿದ್ದ. ಬೆರಳ ಗೆಣ್ಣುಗಳ ಮೇಲೆ ಮೊಳೆ ಹೊಡೆದು ತೆಗೆದಂತೆ ದುಂಡನೆಯ ಗುಳಿಗಳಿದ್ದವು. ಮಧ್ಯಾಹ್ನ ಊಟದ ಹೊತ್ತಿಗೆ ಆತ ಪೊರಕೆಯಿಂದ ಒಂದು ಕಡ್ಡಿ ಮುರಿದು, ಒಂದು ಹೊಳ್ಳೆಯೊಳಗೆ ತೂರಿಸಿ ಇನ್ನೊಂದರಿಂದ ಎಳೆದು ತೆಗೆದು ಹೊಸ ಹುಡುಗರನ್ನು ನಗಿಸುತ್ತಿದ್ದ. ನಾನೂ ನಕ್ಕಿದ್ದೇನೆ. ನೋಯುವುದಿಲ್ಲವೇ ಎಂದು ಕೇಳಿದ್ದಕ್ಕೆ, ಮೊದಮೊದಲು ಹಕ್ಕಳೆ ಬರುತ್ತಿತ್ತು, ಆಮೇಲೆ ಅದೂ ನಿಂತಿತು ಎಂದ. ನಡುಗೋಡೆ ತೂತಾಗಿ ಮುಗಿದ ಮೇಲೆ ರಕ್ತವೂ ಹಕ್ಕಳೆಯೂ ಸಾಮಾನ್ಯವಾಗಿ ನಿಂತುಹೋಗುತ್ತವೆ, ಜನ ಅದನ್ನು ವಾಸಿಯಾಯಿತೆಂದು ತಿಳಿಯುತ್ತಾರೆ ಎಂಬುದನ್ನು ನಾನು ಓದಿದ್ದು ಎಷ್ಟೋ ವರ್ಷಗಳ ನಂತರ. ಕೆಲಸ ಬಿಟ್ಟ ಮೇಲೆ ಒಮ್ಮೆಯಾದರೂ ಹೋಗಿ ಆತನನ್ನು ನೋಡಬೇಕಿತ್ತು. ಹೋಗಲಿಲ್ಲ, ಆತನ ಮುಂದಿನ ಬದುಕು ಏನಾಯಿತೋ ತಿಳಿಯಲೂ ಇಲ್ಲ.

ಆದ್ದರಿಂದಲೇ ನಿನ್ನ "ನೋವಿಲ್ಲ" ಎಂಬ ಮಾತು ನನ್ನನ್ನು ಇಷ್ಟು ಕಾಡುತ್ತಿದೆ. ಹಕ್ಕಳೆ ಬರುತ್ತಿರುವವರೆಗೆ ಚರ್ಮ ಇನ್ನೂ ಹೋರಾಡುತ್ತಿದೆ ಎಂದು ನಾನು ಅಂದುಕೊಳ್ಳುತ್ತೇನೆ. ನಾನು ವೈದ್ಯನಲ್ಲ, ಈ ಮಾತನ್ನು ಅಷ್ಟಕ್ಕೇ ಇಟ್ಟುಕೋ. ನಾಳೆಯೇ ಕಿವಿ ಮೂಗು ಗಂಟಲಿನ ವೈದ್ಯರಲ್ಲಿಗೆ ಹೋಗು. ಬರೀ ರಕ್ತ ಬರುತ್ತದೆ ಎಂದರೆ ಬಿಸಿಲಿಗೆ ಎಂದುಬಿಟ್ಟಾರು, ಕ್ರೋಮಿಕ್ ಆಮ್ಲದ ಟ್ಯಾಂಕಿನ ಮುಂದೆ ಕೆಲಸ ಎಂಬುದನ್ನೇ ಮೊದಲು ಹೇಳು.

ಹೇಳಿದರೆ ಕೆಲಸಕ್ಕೆ ಸಂಚಕಾರ ಬಂದೀತೆಂಬ ಅಂಜಿಕೆಯೂ ನಿನ್ನ ಸಾಲುಗಳ ಹಿಂದೆ ಕಾಣುತ್ತದೆ. ಅದನ್ನು ಹಗುರವಾಗಿ ನೋಡುವಷ್ಟು ಅನುಕೂಲಸ್ಥ ಮನೆತನ ನಮ್ಮದಲ್ಲ. ಆದರೂ ಇದು ಯಾರೋ ನಿನ್ನೆ ಮೊನ್ನೆ ಕಂಡುಹಿಡಿದ ದೂರಲ್ಲ. ಗ್ಲಾಸ್ಗೋದ ವೈದ್ಯರೊಬ್ಬರು 1827ರಲ್ಲೇ ಬೈಕ್ರೋಮೇಟ್ ಎಂಬ ಕ್ರೋಮಿಯಂ ಲವಣದ ಕೆಲಸದವರ ಹುಣ್ಣುಗಳನ್ನು ವರ್ಣಿಸಿ ಬರೆದಿದ್ದಾರೆ. ನಮ್ಮ 1948ರ ಕಾರ್ಖಾನೆಗಳ ಕಾಯ್ದೆಯು ವೈದ್ಯರು ಸರ್ಕಾರಕ್ಕೆ ವರದಿ ಮಾಡಲೇಬೇಕಾದ ರೋಗಗಳ ಪಟ್ಟಿಯಲ್ಲಿ ಕ್ರೋಮ್ ಹುಣ್ಣನ್ನು ಸೇರಿಸಿತು, ಇಎಸ್ಐ ಕಾಯ್ದೆಯ ಔದ್ಯೋಗಿಕ ರೋಗಗಳ ಪಟ್ಟಿಯಲ್ಲಿಯೂ ಕ್ರೋಮಿಯಂ ಇತ್ತು. ನಿನ್ನ ಮೇಲಿನವರಿಗೆ ಈ ವಿಷಯ ಹೊಸದಾಗಿರಲಾರದು. ಆದರೆ ಯಾರ ಬಳಿ, ಯಾವ ಹೊತ್ತಿನಲ್ಲಿ ಬಾಯಿ ಬಿಡಬೇಕೆಂಬುದನ್ನು ಇಲ್ಲಿ ಕೂತು ನಾನು ಹೇಗೆ ಹೇಳಲಿ, ಅದು ನಿನ್ನ ವಿವೇಚನೆಗೆ ಬಿಟ್ಟದ್ದು.

ಟ್ಯಾಂಕಿನ ಅಂಚಿನ ಎಕ್ಸಾಸ್ಟ್ ನಿಜವಾಗಿಯೂ ಎಳೆಯುತ್ತಿದೆಯೇ ಎಂದು ತೆಳು ಕಾಗದದ ಪಟ್ಟಿಯೊಂದನ್ನು ಅದರ ಬಾಯಿಗೆ ಹಿಡಿದು ನೋಡು. ಬೆಂಕಿ, ಊದುಬತ್ತಿ ಬೇಡ, ಅಲ್ಲಿ ಹೈಡ್ರೋಜನ್ ಇರುತ್ತದೆ. ಮಂಜನ್ನು ತಡೆಯುವ ದ್ರವವನ್ನೋ ತೇಲುವ ಪ್ಲಾಸ್ಟಿಕ್ ಗುಂಡುಗಳನ್ನೋ ಹಾಕಿಸಲು ಸಾಧ್ಯವಿದ್ದರೆ ಕೇಳು. ಬಟ್ಟೆಯ ಮಾಸ್ಕು ಕಟ್ಟಿಕೊಂಡು ಧೈರ್ಯ ತಂದುಕೊಳ್ಳಬೇಡ. ಕೈಗವಸು ಬಿಚ್ಚಿದ ಕೂಡಲೇ ಕೈ ತೊಳೆ. ಅದೇ ಕೈಯಲ್ಲಿ ಮೂಗು ಮುಟ್ಟಿಕೊಳ್ಳುವ ಚಾಳಿ ನಿನಗೆ ಚಿಕ್ಕಂದಿನಿಂದಲೂ ಇದೆ. ಹೊಳಪಿನ ತೆಳು ಲೇಪಕ್ಕೆ ಈಗ ಮೂರು ವೇಲೆನ್ಸಿಯ ದ್ರಾವಣ ಬಳಕೆಯಲ್ಲಿದೆ, ಆದರೆ ನೀವು ಹೈಡ್ರಾಲಿಕ್ ರಾಡುಗಳಿಗೆ ಕೊಡುವ ದಪ್ಪ ಲೇಪಕ್ಕೆ ಇನ್ನೂ ಬಹುಮಟ್ಟಿಗೆ ಆರು ವೇಲೆನ್ಸಿಯದೇ ಗತಿಯಾದ್ದರಿಂದ, ಲೈನು ಬದಲಾಯಿಸಿಕೊಡುವಂತೆ ಕೇಳುವುದೂ ಒಂದು ದಾರಿ. ಬಡ್ತಿ ಸಿಕ್ಕ ಹೊಸದರಲ್ಲಿ ಇದು ಕಷ್ಟವೆಂದು ಬಲ್ಲೆ.

ಇನ್ನೊಂದು ಮಾತು ಬರೆಯಲೋ ಬೇಡವೋ ಎಂದು ಬಹಳ ಹೊತ್ತು ಯೋಚಿಸಿದೆ. ಈ ಮಂಜನ್ನು ವರ್ಷಗಟ್ಟಲೆ ಉಸಿರಾಡಿದರೆ ಶ್ವಾಸಕೋಶದ ಕ್ಯಾನ್ಸರಿಗೆ ಕಾರಣವಾಗಬಲ್ಲದೆಂಬುದು ಸಿದ್ಧಪಟ್ಟ ಸಂಗತಿ. ಮೂಗಿನ ಹುಣ್ಣು ಕ್ಯಾನ್ಸರಲ್ಲ, ಅದನ್ನೂ ಇದನ್ನೂ ಸೇರಿಸಿಕೊಂಡು ರಾತ್ರಿ ಹೆದರಬೇಡ. ಆದರೆ ಮೂಗಿಗೆ ತಾಗುವಷ್ಟು ಮಂಜು ಎದೆಗೂ ಇಳಿಯುತ್ತಿರಬಹುದು ಎಂಬುದಕ್ಕೆ ಅದು ಗುರುತು. ಸಿಗರೇಟಿನ ವಿಷಯ ನಿನ್ನ ತಾಯಿಗೆ ಗೊತ್ತಿಲ್ಲ, ನನಗೆ ಗೊತ್ತು. ಬಿಟ್ಟುಬಿಡು.

ವೈದ್ಯರು ಮೂಗಿನೊಳಗೆ ನೋಡಿ ಏನೆಂದರು, ಚರ್ಮ ಮಾತ್ರ ಸುಲಿದಿದೆಯೋ ಮೃದ್ವಸ್ಥಿಗೂ ತಗಲಿದೆಯೋ ಎಂಬುದನ್ನು ಅವರದೇ ಮಾತಿನಲ್ಲಿ ನನಗೆ ತಿಳಿಸು. ಪತ್ರಕ್ಕೆ ಕಾಯಬೇಡ, ಅಂದೇ ಫೋನು ಮಾಡು. ಹಬ್ಬಕ್ಕೆ ಊರಿಗೆ ಬರುವಾಗ ಕೆಲಸದ ಬಟ್ಟೆಗಳನ್ನು ಮನೆಗೆ ತರಬೇಡ, ಅಲ್ಲೇ ಒಗೆಸು.

ಇತಿ ಆಶೀರ್ವಾದಗಳೊಂದಿಗೆ,
ನಿನ್ನ ಮಾವ