ವೆಸ್ಟ್‌ವುಡ್ ಮೇಷ್ಟ್ರಿಗೆ ಬಾಕಿ ಉಳಿದ ನಮಸ್ಕಾರ

2026ರ ಏಪ್ರಿಲ್ 17ಕ್ಕೆ ಬೆಂಗಳೂರು ಎಫ್‌ಸಿ ಎರಡನೇ ಸಲ ಐ-ಲೀಗ್, ಅಂದರೆ ಆಗಿನ ದೇಶದ ಅಗ್ರ ಫುಟ್‌ಬಾಲ್ ಲೀಗ್, ಗೆದ್ದು ಹತ್ತು ವರ್ಷ. 2016ರ ಆ ದಿನ ಕಂಠೀರವದಲ್ಲಿ ಸಾಲ್ಗಾಂವ್ಕರ್ ತಂಡವನ್ನು 2-0ಯಿಂದ ಸೋಲಿಸಿದಾಗ ನಾವು ಅಭಿಮಾನಿಗಳು ಕೂರುವ ವೆಸ್ಟ್ ಬ್ಲಾಕ್‌ನಲ್ಲಿ ಯಾರ ಗಂಟಲೂ ನೆಟ್ಟಗಿರಲಿಲ್ಲ. ಆ ಸೀಸನ್ ಮುಗಿಯುತ್ತಿದ್ದಂತೆ ಕೋಚ್ ಆಶ್ಲೇ ವೆಸ್ಟ್‌ವುಡ್ ಹೊರಟುಬಿಟ್ಟರು. ಹೊಸ ಕೋಚ್ ಬಂದರು, ಏಷ್ಯಾದ ಕ್ಲಬ್‌ಗಳು ಆಡುವ ಎಎಫ್‌ಸಿ ಕಪ್‌ನ ಫೈನಲ್ ಬಂತು, ಇಂಡಿಯನ್ ಸೂಪರ್ ಲೀಗ್ (ಐಎಸ್‌ಎಲ್) ಬಂತು, ಥ್ಯಾಂಕ್ಸ್ ಹೇಳುವುದು ಉಳಿದೇ ಹೋಯಿತು. ಈಗ ಹೇಳುತ್ತಿದ್ದೇನೆ. ಅವರು ಇದನ್ನು ಓದುವುದಿಲ್ಲ, ಗೊತ್ತು. ನಮ್ಮವರು ಓದಿದರೆ ಸಾಕು.

ಈಚೆಗೆ ಫುಟ್‌ಬಾಲ್ ನೋಡಲು ಶುರು ಮಾಡಿದವರಿಗೆ ಸ್ವಲ್ಪ ಹಿನ್ನೆಲೆ. ವೆಸ್ಟ್‌ವುಡ್ ಇಂಗ್ಲೆಂಡಿನ ಬ್ರಿಜ್‌ನಾರ್ತ್‌ನವರು. ಮ್ಯಾಂಚೆಸ್ಟರ್ ಯುನೈಟೆಡ್‌ನ ಯುವ ತಂಡದಲ್ಲಿ ಬೆಳೆದರೂ ಅಲ್ಲಿ ಹಿರಿಯರ ತಂಡದವರೆಗೆ ಹೋಗಲಾಗಲಿಲ್ಲ. ಕ್ರೂ, ಬ್ರಾಡ್‌ಫರ್ಡ್, ಶೆಫೀಲ್ಡ್ ವೆನ್ಸ್‌ಡೇ, ನಾರ್ಥಾಂಪ್ಟನ್, ಸ್ವಿಂಡನ್, ಸ್ಟೀವನೇಜ್ ಎಂದು ಊರೂರು ಸುತ್ತಿದ ಡಿಫೆಂಡರ್ ಅವರು. ಟೀವಿಯಲ್ಲಿ ಪ್ರೀಮಿಯರ್ ಲೀಗ್ ಮಾತ್ರ ನೋಡುವ ನಮಗೆ ಅವರ ಹೆಸರೇ ಗೊತ್ತಿರಲಿಲ್ಲ. ಆಮೇಲೆ ಮೈಕಲ್ ಆ್ಯಪಲ್‌ಟನ್ ಜೊತೆ ಪೋರ್ಟ್ಸ್‌ಮತ್, ಬ್ಲ್ಯಾಕ್‌ಬರ್ನ್ ತಂಡಗಳಲ್ಲಿ ದುಡಿದು, 2013ರಲ್ಲಿ 36ರ ವಯಸ್ಸಿಗೆ ಬೆಂಗಳೂರಿಗೆ ಬಂದರು. ದೊಡ್ಡ ಆಟಗಾರನೇ ಒಳ್ಳೆ ಕೋಚ್ ಆಗಬೇಕೆಂದೇನಿಲ್ಲ. ಮುಂದಿನ ವರ್ಷ ಗುತ್ತಿಗೆ ಸಿಗುತ್ತದೋ ಇಲ್ಲವೋ ಎಂಬ ಆತಂಕದಲ್ಲೇ ಆಡಿದವನಿಗೆ ಡಿಫೆಂಡರ್ ಒಂದು ಹೆಜ್ಜೆ ತಡ ಮಾಡಿದರೆ ಏನಾಗುತ್ತದೆಂಬುದು ಚೆನ್ನಾಗಿ ಗೊತ್ತಿರುತ್ತದೆ.

ಅವರು ಬಂದಾಗ ಇಲ್ಲಿ ಏನಿತ್ತು? ಗೌತಮಪುರದ, ಆಸ್ಟಿನ್ ಟೌನಿನ ಹಿರಿಯರ ಬಾಯಲ್ಲಿ ಹಳೆಯ ಕತೆಗಳಿದ್ದವು. ಐಟಿಐ, ಎಚ್‌ಎಎಲ್ ತಂಡಗಳ ನೆನಪಿತ್ತು. ಮೈಸೂರು ಹೆಸರಿನಲ್ಲಿ 1968-69ರಲ್ಲಿ ಗೆದ್ದ, ರಾಜ್ಯ ತಂಡಗಳು ಆಡುವ ಸಂತೋಷ್ ಟ್ರೋಫಿಯ ಹೆಮ್ಮೆ ಇತ್ತು. ಅಶೋಕನಗರದ ಫುಟ್‌ಬಾಲ್ ಸ್ಟೇಡಿಯಮ್ಮಿನಲ್ಲಿ ಕೃತಕ ಹುಲ್ಲಿನ ಅಂಗಳ ಇತ್ತು. ಜೆಎಸ್‌ಡಬ್ಲ್ಯು ದುಡ್ಡು ಹಾಕಿ ಆಗಷ್ಟೇ ಕಟ್ಟಿದ ತಂಡ. ಮೊದಲ ಐ-ಲೀಗ್ ಪಂದ್ಯ ಕೋಲ್ಕತ್ತದ ಮೋಹನ್ ಬಾಗಾನ್ ಎದುರು, 1-1. ಡ್ರಾ ಆದದ್ದಕ್ಕೇ ಖುಷಿಪಟ್ಟು ಮನೆಗೆ ಹೋದವರು ನಾವು. ಏಳು ತಿಂಗಳಲ್ಲಿ ಗೋವಾದ ಫತೋರ್ಡಾದಲ್ಲಿ ಅಲ್ಲಿನದೇ ಡೆಂಪೋ ತಂಡವನ್ನು 4-2ರಿಂದ ಮಣಿಸಿ ಇದೇ ತಂಡ ಚಾಂಪಿಯನ್ ಆಗುತ್ತದೆ ಎಂದು ಯಾರಾದರೂ ಹೇಳಿದ್ದರೆ ನಕ್ಕುಬಿಡುತ್ತಿದ್ದೆವು.

ಆಟ ಕಣ್ಣಿಗೆ ಹಬ್ಬ ಆಗಿತ್ತು ಎಂದರೆ ಸುಳ್ಳಾಗುತ್ತದೆ. ಜಾನ್ ಜಾನ್ಸನ್, ಕರ್ಟಿಸ್ ಒಸಾನೊ ಹಿಂದೆ ಗೋಡೆ ಕಟ್ಟುತ್ತಿದ್ದರು. ಕಾರ್ನರ್, ಫ್ರೀ ಕಿಕ್ ಸಿಕ್ಕರೆ ಪಕ್ಕಾ ಲೆಕ್ಕ. ಸುನಿಲ್ ಚೆಟ್ರಿಯನ್ನು ನಡುವಿನಿಂದ ಎಡಕ್ಕೆ ಸರಿಸಿದಾಗ ನಮ್ಮಲ್ಲಿ ಎಷ್ಟೋ ಜನ ಗೊಣಗಿದ್ದುಂಟು. ಆ ಮೊದಲ ಸೀಸನ್ನಿನ ಲೀಗಿನಲ್ಲಿ ಚೆಟ್ರಿ ಹೊಡೆದದ್ದು 14 ಗೋಲು. ಆಟಗಾರರ ಊಟ, ತೂಕ, ಎದುರಾಳಿಯ ವಿಡಿಯೋ ಯಾವುದನ್ನೂ ವೆಸ್ಟ್‌ವುಡ್ ಸಡಿಲ ಬಿಡುವವರಲ್ಲ. 80ನೇ ನಿಮಿಷದಲ್ಲಿ ಬೇರೆ ತಂಡದವರು ಸೊಂಟ ಹಿಡಿದು ನಿಂತಿರುವಾಗ ನಮ್ಮವರು ಇನ್ನೂ ಓಡುತ್ತಿದ್ದರು. ನಾನು ಋಣಿಯಾಗಿರುವುದು ಮುಖ್ಯವಾಗಿ ಇದಕ್ಕೆ. ನಮ್ಮ ದೇಶದ ಲೀಗ್ ಪಂದ್ಯವನ್ನು ‘ಪರವಾಗಿಲ್ಲ, ಇಷ್ಟಾದರೂ ಆಡುತ್ತಾರಲ್ಲ’ ಎಂದು ಕರುಣೆಯಿಂದ ನೋಡುವ ಚಟವನ್ನು ಅವರು ಬಿಡಿಸಿದರು.

2015ರ ಮೇ 31ನ್ನು ಬಿಟ್ಟು ಮುಂದೆ ಹೋಗುವ ಹಾಗಿಲ್ಲ. ಜನವರಿಯಲ್ಲಷ್ಟೇ ಫೆಡರೇಷನ್ ಕಪ್ ಗೆದ್ದಿದ್ದೆವು. ಲೀಗಿನ ಕೊನೆಯ ಪಂದ್ಯ ಕಂಠೀರವದಲ್ಲಿ, ಎದುರಿಗೆ ಬಾಗಾನ್. ಅವರಿಗೆ ಡ್ರಾ ಸಾಕು, ನಮಗೆ ಗೆಲುವೇ ಬೇಕು. ಜಾನ್ಸನ್ ಗೋಲು ಹೊಡೆದಿದ್ದರು. ಮಳೆಯಲ್ಲಿ ತೊಯ್ದುಕೊಂಡೇ ಗಡಿಯಾರ ನೋಡುತ್ತಿದ್ದೆವು. 87ನೇ ನಿಮಿಷ, ಒಂದು ಕಾರ್ನರ್, ಬಾಗಾನಿನ ಬೆಲ್ಲೊ ರಜಾಕ್ ತಲೆ. 1-1. ಕಾರ್ನರ್‌ಗಳಿಂದಲೇ ಇಷ್ಟು ಪಾಯಿಂಟ್ ಗಳಿಸಿದ ತಂಡಕ್ಕೆ ಕಾರ್ನರ್‌ನಿಂದಲೇ ಪಟ್ಟ ತಪ್ಪಿತು. ಬಾಗಾನಿನವರು ಕುಣಿಯುತ್ತಿದ್ದರೂ ನಮ್ಮ ಜನ ಎದ್ದು ಹೋಗಲಿಲ್ಲ, ನಿಂತು ಚಪ್ಪಾಳೆ ಹೊಡೆದರು. ಮರುವರ್ಷ ಪಟ್ಟ ವಾಪಸ್ ಬಂತು. ನನ್ನ ಲೆಕ್ಕದಲ್ಲಿ 2014ಕ್ಕಿಂತ 2016ರ ಗೆಲುವೇ ದೊಡ್ಡದು. ಮೊದಲನೆಯ ಸಲ ನಮ್ಮನ್ನು ಯಾರೂ ಲೆಕ್ಕಕ್ಕೆ ಇಟ್ಟಿರಲಿಲ್ಲ. ಎರಡನೆಯ ಸಲ ಎಲ್ಲರೂ ಕಾದು ಕೂತಿದ್ದರು.

ವೆಸ್ಟ್‌ವುಡ್ ಒಬ್ಬರಿಗೇ ಎಲ್ಲ ಕೊಟ್ಟರೆ ತಪ್ಪಾಗುತ್ತದೆ. ನಾಯಕ ಚೆಟ್ರಿಗೆ, ರೀನೊ ಆ್ಯಂಟೊಗೆ, ಯುಜೀನ್‌ಸನ್ ಲಿಂಗ್ಡೊಗೆ, ನಮ್ಮೂರ ಹುಡುಗ ಶಂಕರ್ ಸಂಪಂಗಿರಾಜ್‌ಗೆ ಕೈ ಮುಗಿಯುತ್ತೇನೆ. ವಾರದ ದಿನದಲ್ಲೂ ಡ್ರಮ್ ಹೊತ್ತು ಬರುತ್ತಿದ್ದ ವೆಸ್ಟ್ ಬ್ಲಾಕ್ ಗೆಳೆಯರಿಗೆ, ಪಕ್ಕದಲ್ಲಿ ಕೂತು ಆಫ್‌ಸೈಡ್ ಅಂದರೇನೆಂದು ಬೇಸರವಿಲ್ಲದೆ ಬಿಡಿಸಿ ಹೇಳಿದ ಆ ಹಿರಿಯರಿಗೂ.

ಇನ್ನು ಮೇಷ್ಟ್ರ ಮೇಲೆ ಒಂದು ಹುಸಿಮುನಿಸು ಇದೆ. 2024ರ ಮಾರ್ಚ್‌ನಲ್ಲಿ ಗುವಾಹಟಿಗೆ ಅಫ್ಗಾನಿಸ್ತಾನದ ಕೋಚ್ ಆಗಿ ಬಂದರು. ಹಲವು ಪ್ರಮುಖ ಆಟಗಾರರು ದೂರ ಉಳಿದಿದ್ದ ತಂಡ ಅದು. ಚೆಟ್ರಿಗೆ 150ನೇ ಅಂತರರಾಷ್ಟ್ರೀಯ ಪಂದ್ಯ, ಪೆನಾಲ್ಟಿಯಲ್ಲಿ ಗೋಲು ಕೂಡ ಹೊಡೆದರು. ಆದರೂ ಭಾರತ 1-2ರಿಂದ ಸೋತಿತು. ಅದು ಸಾಲದೆಂಬಂತೆ 2025ರ ಜೂನ್ 10ರಂದು ಹಾಂಕಾಂಗ್ ತಂಡದ ಕೋಚ್ ಆಗಿ, ಕೈ ಟಕ್‌ನ ಹೊಸ ಸ್ಟೇಡಿಯಮ್ಮಿನಲ್ಲಿ, 90 ನಿಮಿಷ ಕಳೆದ ಮೇಲಿನ ಇಂಜುರಿ ಟೈಮಿನ ಪೆನಾಲ್ಟಿಯಿಂದ ಮತ್ತೆ ನಮ್ಮನ್ನೇ 1-0ರಿಂದ ಕೆಡವಿದರು. ಎರಡೂ ರಾತ್ರಿ ಬೈದೆ. ಬೈಯುವಾಗಲೂ ಗೊತ್ತಾಗುತ್ತಿತ್ತು, ಇದು ಅಶೋಕನಗರದಲ್ಲಿ ನಾವೇ ಕುಣಿದು ಕುಪ್ಪಳಿಸಿದ ಆಟ: ಹಿಂದೆ ಗೋಡೆ, ಕೊನೆವರೆಗೂ ಓಟ, ಸಿಕ್ಕ ಒಂದೇ ಅವಕಾಶಕ್ಕೆ ಗೋಲು.

ಮುಂದೆ ಯಾವ ದೇಶದ ತಂಡವನ್ನಾದರೂ ಕಟ್ಟಲಿ, ಎಷ್ಟು ಕಪ್‌ಗಳನ್ನಾದರೂ ಗೆಲ್ಲಲಿ. ಭಾರತ ಇರುವ ಗುಂಪಿಗೆ ಮಾತ್ರ ಬೀಳದಿರಲಿ.