‘ಒಬ್ಬ ಸ್ಕೌಟ್’ ಅಲ್ಲ, ಅವನಿಗೊಂದು ಹೆಸರಿತ್ತು

ಮಾನ್ಯ ಸಂಪಾದಕರೇ,

ಕಳೆದ ಭಾನುವಾರದ ನಿಮ್ಮ ಪುರವಣಿಯಲ್ಲಿ ಬೇಸ್‌ಬಾಲ್ ಆಟಗಾರ ಲೂ ಗೆಹ್ರಿಗ್ ಬಗ್ಗೆ ಬಂದ ಲೇಖನ ಚೆನ್ನಾಗಿತ್ತು. ಒಂದೂ ತಪ್ಪಿಸದೆ ಸತತ 2,130 ಪಂದ್ಯ ಆಡಿದ್ದು, ಆಮೇಲೆ ಕಾಯಿಲೆ ಬಂದು ಕೈಕಾಲಿನ ಬಲ ಹೋಗಿದ್ದು, ಎಲ್ಲ ಇತ್ತು. ಆದರೆ ನಡುವೆ ಒಂದು ಸಾಲು: ‘ಕಾಲೇಜಿನಲ್ಲಿದ್ದಾಗ ಒಬ್ಬ ಸ್ಕೌಟ್ ಕಣ್ಣಿಗೆ ಬಿದ್ದ’. ಸ್ಕೌಟ್ ಅಂದರೆ ತಂಡಕ್ಕೆ ಹೊಸ ಆಟಗಾರರನ್ನು ಹುಡುಕಿ ತರುವವನು. ನಾನು ಅಲ್ಲೇ ನಿಂತುಬಿಟ್ಟೆ. ಯಾರ ಕಣ್ಣಿಗೆ, ಸ್ವಾಮಿ?

ಪಾಲ್ ಕ್ರಿಚೆಲ್ ಅಂತ ಅವನ ಹೆಸರು. ಇದನ್ನು ಬರೆಯುವ ನಾನು ಮೈಸೂರಿನವನು, ಬ್ಯಾಂಕಿನಿಂದ ನಿವೃತ್ತ. ಮಹಾರಾಜ ಕಾಲೇಜು ಮೈದಾನದಲ್ಲಿ ಮ್ಯಾಟ್ ಮೇಲೆ ವರ್ಷಗಟ್ಟಲೆ ವಿಕೆಟ್ ಕೀಪಿಂಗ್ ಮಾಡಿದವನು. ಬಲಗೈ ಕಿರುಬೆರಳು ಇವತ್ತಿಗೂ ಸೊಟ್ಟಗಿದೆ. ಈಗ ನ್ಯೂಜೆರ್ಸಿಯ ಪಿಸ್ಕಾಟವೇಯಲ್ಲಿ ಮಗಳ ಮನೆಯಲ್ಲಿದ್ದೇನೆ. ಹನ್ನೊಂದು ವರ್ಷದ ಮೊಮ್ಮಗ ಇಲ್ಲಿ ಬೇಸ್‌ಬಾಲ್ ಆಡುತ್ತಾನೆ. ಅವನೂ ಕ್ಯಾಚರ್! ಮುಖಕ್ಕೆ ಜಾಲರಿ, ಮೊಣಕಾಲಿಗೆ ಪ್ಯಾಡು, ಎಡಗೈಲಿ ದೋಸೆಕಲ್ಲಿನಷ್ಟು ಅಗಲದ ಗ್ಲೌಸು. ಬ್ಯಾಟ್ ಹಿಡಿದವನ ಹಿಂದೆ ಕುಕ್ಕರಗಾಲಲ್ಲಿ ಕೂತು ಕೂತು ಸಾಯಂಕಾಲ ಮನೆಗೆ ಬರುವಾಗ ಕುಂಟುತ್ತಾನೆ. ಅವನ ಅಮ್ಮ ಬಯ್ಯುತ್ತಾಳೆ. ನಾನು ಸುಮ್ನೆ ನನ್ನ ಬೆರಳು ತೋರಿಸುತ್ತೇನೆ.

ಕ್ರಿಚೆಲ್ ಕೂಡ ಕ್ಯಾಚರ್. ಹುಟ್ಟಿದ್ದು 1882ರಲ್ಲಿ, ಪ್ಯಾರಿಸ್‌ನಲ್ಲಿ. ಬೆಳೆದದ್ದು ನ್ಯೂಯಾರ್ಕ್‌ನಲ್ಲಿ. ದೊಡ್ಡ ಲೀಗ್‌ನಲ್ಲಿ ಆಡಿದ್ದು ಎರಡೇ ವರ್ಷ, 1911 ಮತ್ತು 1912, ಸೇಂಟ್ ಲೂಯಿಸ್ ಬ್ರೌನ್ಸ್ ಎಂಬ ಸೋಲುವ ತಂಡಕ್ಕೆ. ಬ್ಯಾಟಿನಿಂದ ಹೇಳಿಕೊಳ್ಳುವಂಥದ್ದೇನೂ ಮಾಡಲಿಲ್ಲ. ಆಮೇಲೆ ಸಣ್ಣ ಲೀಗ್‌ಗಳಲ್ಲಿ ಆಟ, ತರಬೇತಿ. ಬಾಸ್ಟನ್ ತಂಡದಲ್ಲಿ ಮ್ಯಾನೇಜರ್ ಎಡ್ ಬ್ಯಾರೋ ಕೈಕೆಳಗೆ ಕೆಲಸ ಮಾಡಿದ. 1920ರಲ್ಲಿ ಬ್ಯಾರೋ ನ್ಯೂಯಾರ್ಕ್ ಯಾಂಕೀಸ್‌ಗೆ ಹೋದಾಗ ಇವನನ್ನೂ ಸ್ಕೌಟ್ ಆಗಿ ಕರೆಸಿಕೊಂಡ. 1957ರಲ್ಲಿ ಸಾಯುವವರೆಗೂ ಅಲ್ಲೇ ಇದ್ದ.

ಕ್ಯಾಚರ್ ಆಗಿದ್ದವನಿಗೆ ಈ ಕೆಲಸ ಒಗ್ಗಿದ್ದರಲ್ಲಿ ನನಗೆ ಆಶ್ಚರ್ಯವಿಲ್ಲ. ತಂಡದ ಉಳಿದ ಎಂಟು ಜನ ಇವನ ಕಡೆ ಮುಖ ಮಾಡಿ ನಿಂತರೆ, ಇವನೊಬ್ಬನೇ ಅವರೆಲ್ಲರ ಕಡೆ ತಿರುಗಿ ಕೂತಿರುತ್ತಾನೆ. ಬ್ಯಾಟ್ಸ್‌ಮನ್ ಕಾಲು ಎಲ್ಲಿಟ್ಟ, ಚೆಂಡು ಬರುವ ಮೊದಲೇ ಮಣಿಕಟ್ಟು ಸಡಿಲ ಬಿಟ್ಟನಾ, ಇದೆಲ್ಲ ಒಂದು ಮಾರು ದೂರದಿಂದ ಕಾಣುತ್ತೆ. ಪೆವಿಲಿಯನ್‌ನಲ್ಲಿ ಕೂತವರಿಗೆ ಎಲ್ಲಿ ಕಾಣಬೇಕು?

1923ರ ಏಪ್ರಿಲ್ 26. ನ್ಯೂ ಬ್ರನ್ಸ್‌ವಿಕ್‌ನಲ್ಲಿ ಕೊಲಂಬಿಯಾ ಮತ್ತು ರಟ್ಗರ್ಸ್ ಕಾಲೇಜುಗಳ ಪಂದ್ಯ. ನಮ್ಮ ಮನೆಯಿಂದ ಆ ಊರಿಗೆ ರಾರಿಟನ್ ಹೊಳೆ ದಾಟಿದರೆ ಸಾಕು. ಕೊಲಂಬಿಯಾದ ಎಡಗೈ ಹುಡುಗನೊಬ್ಬ ಆ ದಿನ ಎರಡು ಹೋಮ್ ರನ್ ಬಾರಿಸಿದ. ನಮ್ಮ ಸಿಕ್ಸರ್ ಅಂದುಕೊಳ್ಳಿ. ಕ್ರಿಚೆಲ್ ಬ್ಯಾರೋಗೆ ಫೋನ್ ಮಾಡಿ, ಇನ್ನೊಬ್ಬ ಬೇಬ್ ರೂತ್ ಸಿಕ್ಕಿದ್ದಾನೆ ಅಂದನಂತೆ. ರೂತ್ ಆಗಿನ ಕಾಲದ ಅತಿ ದೊಡ್ಡ ಹೋಮ್ ರನ್ ವೀರ, ಅದು ಸಣ್ಣ ಮಾತಲ್ಲ. ಕೆಲವೇ ದಿನಗಳಲ್ಲಿ 1,500 ಡಾಲರ್ ಬೋನಸ್ ಕೊಟ್ಟು ಗೆಹ್ರಿಗ್‌ನ ಸಹಿ ಹಾಕಿಸಿಕೊಂಡರು. ಅದೇ ಹುಡುಗನನ್ನು ನ್ಯೂಯಾರ್ಕ್ ಜೈಂಟ್ಸ್‌ನವರು 1921ರಲ್ಲೇ ಟ್ರಯಲ್‌ಗೆ ಕರೆದು, ನೋಡಿ, ಬೇಡ ಅಂದಿದ್ದರು. ನೋಡುವುದು ಬೇರೆ, ಕಾಣುವುದು ಬೇರೆ ಅಲ್ವಾ?

ಫಿಲ್ ರಿಜ್ಜುಟೋ ಎಂಬ ಐದಡಿ ಆರಿಂಚಿನ ಹುಡುಗನಿಗೂ ಹೀಗೇ ಆಯಿತು. ಬ್ರೂಕ್ಲಿನ್ ತಂಡದ ಮ್ಯಾನೇಜರ್ ಕೇಸಿ ಸ್ಟೆಂಗೆಲ್, ಹೋಗಿ ಬೂಟ್ ಪಾಲಿಶ್ ಮಾಡು ಅಂದರಂತೆ. ಕ್ರಿಚೆಲ್ ಎತ್ತರ ಅಳೆಯಲಿಲ್ಲ, ಯಾಂಕೀಸ್‌ಗೆ ಸೇರಿಸಿಕೊಂಡ. 1949ರಲ್ಲಿ ಅದೇ ಸ್ಟೆಂಗೆಲ್ ಯಾಂಕೀಸ್‌ಗೆ ಮ್ಯಾನೇಜರ್ ಆಗಿ ಬಂದರು. ಮರುವರ್ಷ ರಿಜ್ಜುಟೋ ಲೀಗ್‌ನ ಅತ್ಯುತ್ತಮ ಆಟಗಾರ! 1946ರಲ್ಲಿ ಫಸ್ಟ್ ಬೇಸ್‌ಗೆ (ಅದೊಂದು ಫೀಲ್ಡಿಂಗ್ ಜಾಗ) ಅಂತ ಟ್ರಯಲ್‌ಗೆ ಬಂದ ವೈಟಿ ಫೋರ್ಡ್‌ಗೆ, ನೀನು ಚೆಂಡು ಎಸೆಯೋದು ನೋಡಿಕೋ ಅಂದವನೂ ಇವನೇ. ಫೋರ್ಡ್ ಆಮೇಲೆ ಪಿಚರ್ (ನಮ್ಮ ಬೌಲರ್ ಅನ್ನಿ) ಆಗಿ 236 ಪಂದ್ಯ ಗೆದ್ದ.

ಹಾಗಂತ ಅವನೇನು ದೇವರಲ್ಲ. ಸಂಬಂಧ ಕುದುರಿಸುವ ದಲ್ಲಾಳಿಯ ಗುಣ ಅವನಲ್ಲೂ ಇತ್ತು. 1929ರಲ್ಲಿ ಬ್ರಾಂಕ್ಸ್‌ನ ಎತ್ತರದ ಹುಡುಗ ಹ್ಯಾಂಕ್ ಗ್ರೀನ್‌ಬರ್ಗ್‌ನನ್ನು ಯಾಂಕೀ ಸ್ಟೇಡಿಯಂಗೆ ಕರೆದುಕೊಂಡು ಹೋಗಿ ಮುಂದಿನ ಸಾಲಲ್ಲಿ ಕೂರಿಸಿದ. ಹುಡುಗ ಆಡುತ್ತಿದ್ದದ್ದು ಫಸ್ಟ್ ಬೇಸ್. ಅದು ಗೆಹ್ರಿಗ್‌ನ ಜಾಗ. ಗೆಹ್ರಿಗ್ ಬ್ಯಾಟ್ ಹಿಡಿದು ಎದುರಿಗೆ ಬಂದಾಗ ಕ್ರಿಚೆಲ್ ಹುಡುಗನ ಕಿವಿಯಲ್ಲಿ, ಅವನ ಕಥೆ ಮುಗೀತು, ಇನ್ನು ಕೆಲವೇ ವರ್ಷಕ್ಕೆ ಆ ಜಾಗ ನಿನ್ನದು ಅಂದನಂತೆ. ತಾನೇ ಹುಡುಕಿ ತಂದವನ ಬಗ್ಗೆ! ಗೆಹ್ರಿಗ್‌ಗೆ ಆಗ ಇಪ್ಪತ್ತಾರು ವರ್ಷ. ಹುಡುಗ ಆ ಭುಜಗಳ ಅಗಲ ನೋಡಿದ, ನಂಬಲಿಲ್ಲ, ಡೆಟ್ರಾಯಿಟ್‌ಗೆ ಸೇರಿಕೊಂಡ. 1938ರಲ್ಲಿ ಅವನು ಹೊಡೆದದ್ದು 58 ಹೋಮ್ ರನ್. ಅಷ್ಟು ಹೊತ್ತಿಗೂ ಯಾಂಕೀಸ್‌ನ ಫಸ್ಟ್ ಬೇಸ್‌ನಲ್ಲಿ ಗೆಹ್ರಿಗ್ ಇದ್ದ. ಆ ದಿನ ಆ ಹುಡುಗನ ಕಣ್ಣೇ ಚುರುಕಾಗಿತ್ತು ಅನ್ನಿ.

ಮೊನ್ನೆ ಹೊಳೆ ದಾಟಿ ನ್ಯೂ ಬ್ರನ್ಸ್‌ವಿಕ್‌ಗೆ ಹೋಗಿದ್ದೆ. ಬಸ್ಸಿಗೆ ಕಾಯುತ್ತಿದ್ದ ಇಬ್ಬರು ವಿದ್ಯಾರ್ಥಿಗಳನ್ನು ಕೇಳಿದೆ. ಗೆಹ್ರಿಗ್ ಗೊತ್ತು, ಕ್ರಿಚೆಲ್ ಗೊತ್ತಿಲ್ಲ. ಅವರಿಗೇ ಗೊತ್ತಿಲ್ಲ ಅಂದಮೇಲೆ ನಿಮ್ಮ ಲೇಖಕರ ಮೇಲೆ ನನಗೆ ಸಿಟ್ಟೇನೂ ಇಲ್ಲ. ಮುಂದೆ ಗೆಹ್ರಿಗ್ ಬಗ್ಗೆ ಬರೆಯುವಾಗ ‘ಒಬ್ಬ ಸ್ಕೌಟ್’ ಅನ್ನುವ ಕಡೆ ಪಾಲ್ ಕ್ರಿಚೆಲ್ ಅಂತ ಹಾಕಿ. ಐದೇ ಅಕ್ಷರ, ಜಾಸ್ತಿ ಜಾಗ ಹಿಡಿಯಲ್ಲ.

ಇತಿ,
ಮೈಸೂರಿನ ಹಳೇ ವಿಕೆಟ್ ಕೀಪರ್,
ಸದ್ಯ ಪಿಸ್ಕಾಟವೇ, ನ್ಯೂಜೆರ್ಸಿ