ಓದಲು ಕಲಿಸಿದವರಿಗೆ

ಕಳೆದ ತಿಂಗಳು ಚಿತ್ರದುರ್ಗದ ತರಾಸು ರಂಗಮಂದಿರದಲ್ಲಿ ನನ್ನ ಹಳೆಯ ವಿದ್ಯಾರ್ಥಿಗಳು ಏರ್ಪಡಿಸಿದ್ದ ಅಭಿನಂದನಾ ಸಭೆಯಲ್ಲಿ ನಾನು ಹನ್ನೆರಡು ನಿಮಿಷ ಮಾತನಾಡಿದೆನಂತೆ. ಅದರಲ್ಲಿ ಅರ್ಧ ಗಂಟಲು ಸರಿಪಡಿಸಿಕೊಳ್ಳುವುದಕ್ಕೇ ಹೋಯಿತು ಎಂದು ಮಗಳು ಮನೆಗೆ ಬಂದ ಮೇಲೆ ಹೇಳಿದಳು. ಮೂವತ್ತೈದು ವರ್ಷ ಚೀಟಿ ಹಿಡಿಯದೆ ಪಾಠ ಮಾಡಿದವನು ಅಂದು ಕೈಯಲ್ಲಿ ಚೀಟಿ ಇದ್ದೂ ನೆನೆಯಬೇಕಾದವರನ್ನು ನೆನೆಯದೆ ಕೆಳಗಿಳಿದೆ. ಆ ಕೊರತೆ ತುಂಬಿಕೊಳ್ಳಲು ಈ ಬರಹ. ಇದರಲ್ಲಿ ನನಗೆ ನೆರವಾದ ಯಾರ ಹೆಸರನ್ನೂ ಬರೆದಿಲ್ಲ. ಕೆಲವರು ಇನ್ನೂ ಸೇವೆಯಲ್ಲಿದ್ದಾರೆ, ಕೆಲವರು ಬೇಡವೆಂದರು, ಕೆಲವರನ್ನು ಕೇಳೋಣವೆಂದರೆ ಅವರು ಈಗ ಇಲ್ಲ. ಓದಿದಾಗ ಅವರವರಿಗೆ ಅವರವರ ಗುರುತು ಸಿಕ್ಕೀತು.

ನಾನು ಚಳ್ಳಕೆರೆ ತಾಲ್ಲೂಕಿನ, ಶೇಂಗಾ ಬಿಟ್ಟರೆ ಬೇರೆ ಬೆಳೆಯನ್ನು ಹೆಚ್ಚು ನಂಬದ ಊರೊಂದರವನು. ಅವ್ವನಿಗೆ ಅಕ್ಷರ ಬರುತ್ತಿರಲಿಲ್ಲ. ಮಾನಸಗಂಗೋತ್ರಿಯಲ್ಲಿ ಕನ್ನಡ ಎಂ.ಎ. ಓದುತ್ತಿದ್ದಾಗ ಒಂದು ಬೇಸಿಗೆಯ ರಜೆಯಲ್ಲಿ, ಬೀಸುವಾಗಲೂ ಕಳೆ ತೆಗೆಯುವಾಗಲೂ ಅವಳು ಹೇಳುತ್ತಿದ್ದ ಪದಗಳನ್ನು ಬರೆದುಕೊಳ್ಳಲು ನೋಟುಬುಕ್ಕು ಹಿಡಿದು ಪಕ್ಕದಲ್ಲಿ ಕುಳಿತೆ. ಬರೆದಾದ ಮೇಲೆ ಓದಿ ಹೇಳು ಎಂದಳು. ಓದಿದೆ. ನಾಲ್ಕನೆಯ ಸಾಲಿಗೆ ತಡೆದು, "ಇದು ನಾನ್ ಹಾಡಿದ್ದಲ್ಲ ಕಣಪ್ಪ, ನೀನ್ ಕೇಳಿಸ್ಕೊಂಡಿದ್ದು" ಅಂದಳು. ಹಳೆಯ ಕೃತಿಯ ಪ್ರತಿಗಳನ್ನು ಹೋಲಿಸಿ ಅದರ ಮೂಲರೂಪ ಹುಡುಕುವ ಗ್ರಂಥಸಂಪಾದನೆ ಎಂಬ ಶಾಸ್ತ್ರವನ್ನು, ಮೂಲಪಾಠ, ಪಾಠಾಂತರ, ಲಿಪಿಕಾರನ ಕೈತಪ್ಪು ಎಂಬ ಮಾತುಗಳನ್ನು ನಾನು ಆಮೇಲೆ ದೊಡ್ಡ ವಿದ್ವಾಂಸರ ಬಾಯಿಂದ ಕೇಳಿದೆ. ಆದರೆ ಆ ಶಾಸ್ತ್ರದ ಮೊದಲ ಪಾಠ ಬೀಸುವ ಕಲ್ಲಿನ ಪಕ್ಕದಲ್ಲೇ ಆಗಿಹೋಗಿತ್ತು. ಸಭೆಯಲ್ಲಿ ಇದನ್ನು ಹೇಳಲು ಹೋಗಿಯೇ ಗಂಟಲು ಕಟ್ಟಿದ್ದು.

ಅಪ್ಪ ಹೊಲ ಅಡವಿಟ್ಟ ಕತೆ ಇಲ್ಲಿ ಬೇಡ. ನನ್ನ ತಲೆಮಾರಿನ ಎಷ್ಟೋ ಮೇಷ್ಟ್ರುಗಳ ಮನೆಯಲ್ಲಿ ಅದೇ ಕತೆ ಇದೆ. ದುರ್ಗದ ಹಾಸ್ಟೆಲಿನಲ್ಲಿ ರಾತ್ರಿ ಹತ್ತಕ್ಕೆ ದೀಪ ಆರಿಸಬೇಕೆಂಬ ನಿಯಮವಿದ್ದರೂ ಅಡುಗೆಮನೆಯ ಬಲ್ಬನ್ನು ಹನ್ನೊಂದೂವರೆಯವರೆಗೆ ಉರಿಯಲು ಬಿಟ್ಟು, ವಾರ್ಡನ್ ಕೇಳಿದರೆ "ನಾಳಿಗೆ ಕಾಳು ಆರಿಸ್ತಿದೀನಿ ಸ್ವಾಮಿ" ಎನ್ನುತ್ತಿದ್ದ ಅಡುಗೆಯವರಿಗೆ ಮಾತ್ರ ನನ್ನ ಮೊದಲ ನಮಸ್ಕಾರ. ನಾವು ಮೂವರು ಆ ಬೆಳಕಿನಲ್ಲಿ ಓದಿದೆವು.

ಕಾಲೇಜಿನ ದಿನಗಳಲ್ಲಿ ನಮಗೆ ಹಳಗನ್ನಡ ಹೇಳುತ್ತಿದ್ದ ಮೇಷ್ಟ್ರು ಭಾನುವಾರ ನಮ್ಮನ್ನು ಚಂದ್ರವಳ್ಳಿಗೆ ನಡೆಸಿಕೊಂಡು ಹೋಗುತ್ತಿದ್ದರು. ಕದಂಬ ಮಯೂರಶರ್ಮನು ಕೆರೆ ಕಟ್ಟಿಸಿದ್ದನ್ನು ಹೇಳುವ ಪ್ರಾಕೃತ ಶಾಸನ ಅಲ್ಲಿನ ಭೈರವೇಶ್ವರ ಗುಡಿಯ ಬಳಿಯ ಬಂಡೆಯ ಮೇಲಿದೆ. 1929ರಲ್ಲಿ ಚಂದ್ರವಳ್ಳಿಯಲ್ಲಿ ಉತ್ಖನನ ನಡೆಸಿದ ಎಂ.ಎಚ್. ಕೃಷ್ಣ ಅವರು ಅದನ್ನು ಓದಿ ಪ್ರಕಟಿಸಿದರು. ಅದರ ಕೆಲವು ಪದಗಳ ಓದಿನ ಬಗ್ಗೆ ಅನಂತರದ ವಿದ್ವಾಂಸರು ಬೇರೆ ಅಭಿಪ್ರಾಯ ಹೇಳಿದ್ದಾರೆ. ಮೂರೇ ಸಾಲಿನ ಬರಹ. ಸವೆದ ಬಂಡೆ. ಮೇಷ್ಟ್ರು ನಮ್ಮ ಕೈಗೆ ಬ್ರಾಹ್ಮೀ ಅಕ್ಷರಗಳ ಪಟ್ಟಿ ಕೊಟ್ಟು, ಕಂಡಷ್ಟನ್ನು ಬರೆಯಿರಿ ಎಂದು ಮರದ ನೆರಳಿಗೆ ಹೋಗಿ ಕೂರುತ್ತಿದ್ದರು. ಪುಸ್ತಕದಲ್ಲಿ ಮೊದಲೇ ಓದಿಕೊಂಡು ಬಂದಿದ್ದ ನಾನು ಬಂಡೆಯ ಮೇಲೆ ಕಾಣದ ಅಕ್ಷರಗಳನ್ನೂ ಸೇರಿಸಿ ಪೂರ್ತಿ ಸಾಲನ್ನೇ ಒಪ್ಪಿಸಿದೆ. ಅವರು ಬೈಯಲಿಲ್ಲ. ನನ್ನ ಹಾಳೆಯಲ್ಲಿ ಐದು ಕಡೆ ಪೆನ್ಸಿಲಿನಿಂದ ಸೊನ್ನೆ ಸುತ್ತಿ, "ಇವು ನಿನಗೆ ಎಲ್ಲಿ ಕಂಡವು, ತೋರಿಸು" ಎಂದರು. ತೋರಿಸಲಾಗಲಿಲ್ಲ. ಕಾಣದ್ದನ್ನು ಕಂಡೆ ಎಂದು ಬರೆಯಬಾರದು ಎಂಬುದನ್ನು ಅವರು ಮಾತಿನಲ್ಲಿ ಒಮ್ಮೆಯೂ ಹೇಳಲಿಲ್ಲ. ಆ ಐದು ಸೊನ್ನೆಗಳು ಹೇಳಿದವು. ಆ ಪಾಠವನ್ನು ನಾನು ಒಮ್ಮೆ ಮರೆತೆ. ಆ ಮಾತು ಮುಂದೆ ಬರುತ್ತದೆ.

1984ರಲ್ಲಿ ಅಧ್ಯಾಪಕನಾಗಿ ದುರ್ಗಕ್ಕೇ ಮರಳಿದೆ. ಆಗ ನಮ್ಮ ಕಾಲೇಜು ಮೈಸೂರು ವಿಶ್ವವಿದ್ಯಾಲಯದ ಅಡಿಯಲ್ಲಿತ್ತು; 1987ರಲ್ಲಿ ಕುವೆಂಪು ವಿಶ್ವವಿದ್ಯಾಲಯ ಆರಂಭವಾದಾಗ ಅದರ ತೆಕ್ಕೆಗೆ ಹೋಯಿತು; 2009ರಲ್ಲಿ ದಾವಣಗೆರೆ ವಿಶ್ವವಿದ್ಯಾಲಯವಾದ ಮೇಲೆ ಅದರದ್ದಾಯಿತು. ಅಷ್ಟರಲ್ಲಿ ನಾನು ಸ್ನಾತಕೋತ್ತರ ವಿಭಾಗಕ್ಕೆ ಬಂದಿದ್ದೆ. ಒಂದೇ ಮನೆಯ ಅಣ್ಣ, ತಮ್ಮ, ತಮ್ಮನ ಮಗಳು ಒಂದೇ ಬೆಂಚಿನಲ್ಲಿ ಕುಳಿತು ಓದಿ ಮೂರು ಬೇರೆ ಬೇರೆ ವಿಶ್ವವಿದ್ಯಾಲಯಗಳ ಪದವಿ ಪತ್ರ ಪಡೆದದ್ದನ್ನು ನಾನು ನೋಡಿದ್ದೇನೆ. ಕಟ್ಟಡದ ಮೇಲಿನ ಹೆಸರು ಬದಲಾದಾಗ ತರಗತಿಯೊಳಗೆ ಏನು ಬದಲಾಗುತ್ತದೆ, ಏನು ಬದಲಾಗುವುದಿಲ್ಲ ಎಂಬ ತಿಳಿವಳಿಕೆ ಅಲ್ಲಿಂದ ಬಂದದ್ದು.

ಪಾಠದ ವರ್ಷಗಳ ಬಗ್ಗೆ ಸಭೆಯಲ್ಲಿ ನನ್ನ ವಿದ್ಯಾರ್ಥಿಗಳೇ ಬೇಕಾದುದಕ್ಕಿಂತ ಹೆಚ್ಚು ಹೇಳಿದ್ದಾರೆ. ನಾನು ಸೇರಿಸಬೇಕಾದದ್ದು ಒಂದೇ. ಪ್ರತಿವರ್ಷ ಒಂದು ತಂಡವನ್ನು ಮೊಳಕಾಲ್ಮುರು ತಾಲ್ಲೂಕಿನ ಬ್ರಹ್ಮಗಿರಿಗೆ ಕರೆದೊಯ್ಯುತ್ತಿದ್ದೆ. ಅಲ್ಲಿ, ಸಿದ್ದಾಪುರದಲ್ಲಿ ಮತ್ತು ಜಟಿಂಗ ರಾಮೇಶ್ವರದಲ್ಲಿ ಇರುವ ಅಶೋಕನ ಶಾಸನಗಳನ್ನು 1892ರಲ್ಲಿ ಶಾಸನತಜ್ಞ ಬಿ.ಎಲ್. ರೈಸ್ ಬೆಳಕಿಗೆ ತಂದರು. ಸಾಹಿತ್ಯದ ವಿದ್ಯಾರ್ಥಿಗಳು ಬ್ರಹ್ಮಗಿರಿಯ ಶಾಸನವನ್ನು ಧರ್ಮಲಿಪಿಯೆಂದು ಕೈಮುಗಿದು ಬರುತ್ತಾರೆ. ನನಗೆ ಅದು ಮೊದಲಿಗೆ ಒಂದು ಕಚೇರಿ ಪತ್ರ. ಸುವರ್ಣಗಿರಿಯಿಂದ ಆರ್ಯಪುತ್ರನೆಂಬ ರಾಜಕುಮಾರನೂ ಮಹಾಮಾತ್ರರೆಂಬ ಹಿರಿಯ ಅಧಿಕಾರಿಗಳೂ ಇಸಿಲದ ಮಹಾಮಾತ್ರರಿಗೆ ಕಳಿಸಿದ ಪತ್ರ. ಆದೇಶ ಹೇಳುವ ಮುನ್ನ ಅದು ಅವರ ಆರೋಗ್ಯ ವಿಚಾರಿಸುತ್ತದೆ. ಕೊನೆಗೆ, ಇದನ್ನು ಬರೆದವನು ಚಪಡ ಎಂದು ಇದೆ. ಲಿಪಿಕಾರ ಎಂಬ ತನ್ನ ವೃತ್ತಿಯ ಹೆಸರನ್ನು ಮಾತ್ರ ಅವನು ಬ್ರಾಹ್ಮಿಯಲ್ಲಿ ಬರೆಯದೆ, ವಾಯವ್ಯದ ಕಡೆ ಬಳಕೆಯಲ್ಲಿದ್ದ, ಬಲದಿಂದ ಎಡಕ್ಕೆ ಸಾಗುವ ಖರೋಷ್ಠಿಯಲ್ಲಿ ಕೆತ್ತಿದ್ದಾನೆ. ಎಲ್ಲಿಯ ಖರೋಷ್ಠಿ, ಎಲ್ಲಿಯ ಮೊಳಕಾಲ್ಮುರು! ಚಕ್ರವರ್ತಿಯ ಮಾತಿನ ಕೆಳಗೆ ಗುಮಾಸ್ತನೊಬ್ಬನ ಹೆಸರು ಎರಡು ಸಾವಿರ ವರ್ಷಕ್ಕೂ ಮಿಕ್ಕಿ ಉಳಿದಿರುವುದು ನಮ್ಮ ಜಿಲ್ಲೆಯಲ್ಲಿ ಎಂದು ವಿದ್ಯಾರ್ಥಿಗಳಿಗೆ ಹೇಳುವಾಗ, ಮುಂದೆ ನನ್ನ ಬದುಕೇ ಗುಮಾಸ್ತರ ಕೈಯಲ್ಲಿ ಬೀಳುತ್ತದೆ ಎಂದು ನನಗೆ ಗೊತ್ತಿರಲಿಲ್ಲ.

ಶೋಧನಾ ಸಮಿತಿ ಕಳಿಸಿದ ಹೆಸರುಗಳಿಂದ ಕುಲಾಧಿಪತಿಗಳಾದ ರಾಜ್ಯಪಾಲರು ನನ್ನನ್ನು ಹೊರ ಜಿಲ್ಲೆಯ ಒಂದು ವಿಶ್ವವಿದ್ಯಾಲಯಕ್ಕೆ ನಾಲ್ಕು ವರ್ಷದ ಅವಧಿಗೆ ಕುಲಪತಿಯಾಗಿ ನೇಮಿಸಿದಾಗ ಬಂದ ಅಭಿನಂದನೆಗಳಲ್ಲಿ ನನ್ನನ್ನು ತುಂಬ ಕುಗ್ಗಿಸಿದ್ದು ಹೋಲಿಕೆಗಳು. 1956ರಿಂದ 1960ರವರೆಗೆ ಮೈಸೂರು ವಿಶ್ವವಿದ್ಯಾಲಯವನ್ನು ನಡೆಸಿ ಮಾನಸಗಂಗೋತ್ರಿಯನ್ನು ಕಟ್ಟಿದ ಕುವೆಂಪು, ಅದೇ ಕುರ್ಚಿಯಲ್ಲಿ ಮುಂದೆ ಕುಳಿತ ಜವರೇಗೌಡರು, 1991ರಲ್ಲಿ ಹಂಪಿಯ ಕನ್ನಡ ವಿಶ್ವವಿದ್ಯಾಲಯವನ್ನು ಮೊದಲಿನಿಂದ ಎಬ್ಬಿಸಿದ ಕಂಬಾರರು, ಆಮೇಲೆ ಅಲ್ಲಿಗೆ ಬಂದ ಕಲಬುರ್ಗಿಯವರು: ಸಾಹಿತ್ಯದಿಂದ ಬಂದು ವಿಶ್ವವಿದ್ಯಾಲಯ ನಡೆಸಿದವರ ಸಾಲು ಕನ್ನಡದಲ್ಲಿ ದೊಡ್ಡದು. ಅವರು ಕಟ್ಟಿದರು. ನನ್ನ ಪಾಲಿಗೆ ಬಂದದ್ದು ಕಟ್ಟಿದ್ದನ್ನು ಸೋರದಂತೆ ನೋಡಿಕೊಳ್ಳುವ ಕೆಲಸ. ಖಾಲಿ ಹುದ್ದೆಗಳು, ಪಿಂಚಣಿಯ ಹೊರೆ, ವರ್ಷಕ್ಕೊಮ್ಮೆ ಬದಲಾಗುವ ಪಠ್ಯಕ್ರಮದ ಚೌಕಟ್ಟು, ಸಂಬಳಕ್ಕೆ ತಿಂಗಳುಗಟ್ಟಲೆ ಕಾಯುವ ಅತಿಥಿ ಉಪನ್ಯಾಸಕರು. ಈ ಕೊನೆಯವರ ವಿಷಯದಲ್ಲಿ ನಾನು ಗೆದ್ದೆ ಎಂದು ಸಭೆಯಲ್ಲಿ ಒಬ್ಬರು ಹೇಳಿದರು. ಗೆಲ್ಲಲಿಲ್ಲ. ಸಂಬಳ ತಡವಾಗುವುದು ಸ್ವಲ್ಪ ಕಡಿಮೆಯಾಯಿತು, ಅಷ್ಟೆ.

ಕಚೇರಿಯಲ್ಲಿ ಫೈಲಿಗೆ ಕಡತ ಎನ್ನುತ್ತೇವೆ. ಹಳೆಯ ಕಡತವನ್ನು ನಾನು ಕೈಯಲ್ಲಿ ಹಿಡಿದಿದ್ದೇನೆ: ಬಟ್ಟೆಗೆ ಹುಣಸೆ ಬೀಜದ ಅಂಟನ್ನೂ ಇದ್ದಿಲ ಪುಡಿಯನ್ನೂ ಬಳಿದು ಕಪ್ಪಾಗಿಸಿ, ಮಡಿಕೆ ಮಡಿಕೆಯಾಗಿ ಮಡಿಸಿ, ಬಳಪದಿಂದ ಬರೆಯುತ್ತಿದ್ದ ಪುಸ್ತಕ ಅದು. ಶೃಂಗೇರಿ ಮಠದ ಕಡತಗಳು ಇತಿಹಾಸದ ವಿದ್ಯಾರ್ಥಿಗಳಿಗೆಲ್ಲ ಗೊತ್ತು. ಹೆಸರು ಒಂದೇ ಆದುದರಿಂದ ಓದುವುದೂ ಬರುತ್ತದೆ ಎಂದುಕೊಂಡು ಕುಳಿತೆ. ಮೊದಲ ವಾರ ನನ್ನ ಮೇಜಿಗೆ ಬಂದ ಕಡತಗಳನ್ನು ಕೊನೆಯ ಟಿಪ್ಪಣಿ ಓದಿ, ಅದರ ಕೆಳಗೆ ಹಸಿರು ಶಾಯಿಯಲ್ಲಿ ಸಹಿ ಮಾಡುತ್ತ ಹೋದೆ. ನಾಲ್ಕನೆಯ ದಿನ ಆಡಳಿತ ಶಾಖೆಯ ಅಧೀಕ್ಷಕಿಯೊಬ್ಬರು ಸಹಿಯಾದ ಕಡತವೊಂದನ್ನು ತಿರುಗಿ ತಂದಿಟ್ಟು ನಿಂತರು. "ಸರ್, ಕೊನೆಯ ಕಂಡಿಕೆ ಓದಿದರೆ ಎಲ್ಲರೂ ಒಪ್ಪಿದ ಹಾಗೇ ಕಾಣುತ್ತದೆ. ಒಂದನೇ ಕಂಡಿಕೆಯಿಂದ ಓದಿ. ಯಾರು ಮೊದಲು ಬೇಡ ಅಂದರು, ಆಮೇಲೆ ಯಾಕೆ ಸುಮ್ಮನಾದರು ಅಂತ ತಿಳಿಯುತ್ತದೆ."

ಓದಿದೆ. ಏಳನೆಯ ಕಂಡಿಕೆಯಲ್ಲಿ ದ್ವಿತೀಯ ದರ್ಜೆ ಸಹಾಯಕನೊಬ್ಬ ಸಣ್ಣ ಅಕ್ಷರದಲ್ಲಿ ನಿಯಮವೊಂದನ್ನು ಉಲ್ಲೇಖಿಸಿದ್ದ. ಹತ್ತನೆಯದರಲ್ಲಿ ಯಾರೋ 'ಚರ್ಚಿಸಿದೆ' ಎಂದು ಬರೆದಿದ್ದರು. ಹನ್ನೊಂದನೆಯದರಿಂದ ಆ ನಿಯಮದ ಸುಳಿವೇ ಇರಲಿಲ್ಲ. ಒಂದು ಕೃತಿಯ ಹಸ್ತಪ್ರತಿಗಳಲ್ಲಿ ಯಾವ ಪ್ರತಿಯಿಂದ ಮುಂದೆ ಒಂದು ಪದ್ಯ ಜಾರಿಹೋಯಿತು ಎಂದು ಹುಡುಕುತ್ತ ನಾನು ವರ್ಷಗಳನ್ನು ಕಳೆದವನು. ಅದೇ ಕೆಲಸ ಇಲ್ಲಿಯೂ ಇತ್ತು, ನನಗೆ ಕಂಡಿರಲಿಲ್ಲ. ಆ ಸಹಿಯನ್ನು ಅಂದೇ ಹಿಂಪಡೆದೆ. ನಾಲ್ಕು ವರ್ಷದಲ್ಲಿ ನನ್ನಿಂದ ಆದ ಒಳ್ಳೆಯ ಕೆಲಸಗಳೆಂದು ಸಭೆಯಲ್ಲಿ ಎಣಿಸಿದವುಗಳಲ್ಲಿ ಹೆಚ್ಚಿನವು ಆ ಮಹಿಳೆ, ಆ ಸಹಾಯಕ ಮತ್ತು ಅಂಥ ಹತ್ತು ಹನ್ನೆರಡು ಜನ ತಮ್ಮ ಟಿಪ್ಪಣಿಗಳಲ್ಲಿ ಮೊದಲೇ ಬರೆದಿಟ್ಟವು. ನಾನು ಮಾಡಿದ್ದು ಓದಿದ್ದು.

ಓದದೆ ಕೆಟ್ಟದ್ದೂ ಉಂಟು. ಎರಡನೆಯ ವರ್ಷ ಪದವಿ ಪರೀಕ್ಷೆಯ ಫಲಿತಾಂಶ ತಡವಾಗಿ, ಪತ್ರಕರ್ತರು ಕೇಳಿದಾಗ ಹದಿನೈದನೇ ತಾರೀಖಿನೊಳಗೆ ಪ್ರಕಟಿಸುತ್ತೇವೆ ಎಂದುಬಿಟ್ಟೆ. ಎರಡು ಮೌಲ್ಯಮಾಪನ ಕೇಂದ್ರಗಳಿಂದ ಅಂಕಗಳು ಇನ್ನೂ ಬಂದಿಲ್ಲವೆಂದು ಪರೀಕ್ಷಾ ವಿಭಾಗ ನನಗೆ ಮೂರು ದಿನ ಮುಂಚೆಯೇ ಬರೆದು ಕಳಿಸಿತ್ತು. ಆ ಕಡತ ನನ್ನ ಮೇಜಿನ ಮೇಲೇ ಇತ್ತು. ಕಾಣದ ಅಕ್ಷರವನ್ನು ಕಂಡೆನೆಂದು ಬರೆದ ಹುಡುಗ ಅರವತ್ತು ದಾಟಿದ ಮೇಲೂ ನನ್ನೊಳಗೆ ಹಾಗೇ ಇದ್ದ. ಫಲಿತಾಂಶ ನಾನು ಹೇಳಿದ ದಿನ ಬರಲಿಲ್ಲ, ಮುಂದಿನ ವಾರವೂ ಬರಲಿಲ್ಲ. ವಿದ್ಯಾರ್ಥಿಗಳು ಆಡಳಿತ ಕಟ್ಟಡದ ಮೆಟ್ಟಿಲ ಮೇಲೆ ಕುಳಿತರು. ಹಿಂಬಾಗಿಲಿನಿಂದ ಹೋಗಬಹುದು ಎಂದು ಸಲಹೆ ಬಂತು; ಹೋಗದೆ ಅವರ ನಡುವೆ ಹೋಗಿ ಕುಳಿತೆ. ಇದನ್ನು ಧೈರ್ಯವೆಂದು ಸಭೆಯಲ್ಲಿ ಯಾರೋ ಬಣ್ಣಿಸಿದರು. ನಿಜವಾಗಿ ಕಾಲು ನಡುಗುತ್ತಿದ್ದುದರಿಂದ ಕುಳಿತೆ.

ಅಲ್ಲಿ ಬಿ.ಇಡಿ. ಪ್ರವೇಶಕ್ಕೆ ಅಂಕಪಟ್ಟಿಗಾಗಿ ಕಾಯುತ್ತಿದ್ದ ಹುಡುಗಿಯೊಬ್ಬಳು ಘೋಷಣೆ ಕೂಗುವುದನ್ನು ನಿಲ್ಲಿಸಿ, "ಸರ್, ನೀವು ತಾರೀಖು ಹೇಳಬೇಡಿ. ಯಾಕೆ ತಡ ಆಯ್ತು ಅಂತ ಹೇಳಿ. ಮಿಕ್ಕಿದ್ದು ನಾವು ಮನೇಲಿ ಹೇಳ್ಕೋತೀವಿ" ಎಂದಳು. ಅಂದು ಸಂಜೆ ಏನೇನು ಬಾಕಿಯಿದೆ, ಯಾವ ಹಂತದಲ್ಲಿದೆ ಎಂದು ಒಂದು ಹಾಳೆಯಲ್ಲಿ ಕನ್ನಡದಲ್ಲಿ ಬರೆಸಿ ಅಂಟಿಸಿದೆವು. ಅಲ್ಲಿಂದ ಮುಂದೆ ಪ್ರತಿ ಪರೀಕ್ಷೆಗೂ ವಾರಕ್ಕೊಮ್ಮೆ ಅಂಥ ಹಾಳೆ ಬಂತು. ಆ ಸಲ ಪ್ರವೇಶ ತಪ್ಪಿಸಿಕೊಂಡವರು ಇದ್ದರು. ಅವರಿಗೆ ಒಂದು ವರ್ಷ ಹೋಯಿತು, ಅದನ್ನು ನಾನು ಮರಳಿ ಕೊಡಲಾರೆ. ಕೃತಜ್ಞತೆಯ ಬರಹದಲ್ಲಿ ಕ್ಷಮೆ ಕೇಳಬಹುದೋ ಇಲ್ಲವೋ ತಿಳಿಯದು, ಕೇಳುತ್ತಿದ್ದೇನೆ. ಆ ಹುಡುಗಿ ಈಗ ಶಾಲೆಯೊಂದರಲ್ಲಿ ಕನ್ನಡ ಪಾಠ ಮಾಡುತ್ತಾಳಂತೆ. ಅವಳಿಗೆ ನನ್ನ ನಮಸ್ಕಾರ.

ನನ್ನ ಹೆಂಡತಿಯ ಬಗ್ಗೆ ಬರೆದರೆ ಅವಳು ಓದಿ ನಗುತ್ತಾಳೆ. ದುರ್ಗದ ಮನೆಯಲ್ಲಿ ಅರ್ಧಕ್ಕೆ ನಿಂತಿದ್ದ ನನ್ನ ಗ್ರಂಥಸಂಪಾದನೆಯ ಕೆಲಸದ ಚೀಟಿಗಳನ್ನು, ಶೂ ಡಬ್ಬಿಗಳಲ್ಲಿ ಅಕಾರಾದಿಯಾಗಿ ಜೋಡಿಸಿದ್ದವನ್ನು, ನಾಲ್ಕು ವರ್ಷ ಗೆದ್ದಲಿನಿಂದ ಕಾಪಾಡಿ, ಮಳೆಗಾಲ ಮುಗಿದೊಡನೆ ಒಮ್ಮೆ ಬಿಸಿಲಿಗೆ ಹರಡಿ, ಮತ್ತೆ ಅದೇ ಕ್ರಮದಲ್ಲಿ ಇಟ್ಟಳು ಎಂಬಷ್ಟನ್ನು ದಾಖಲಿಸುತ್ತೇನೆ. ವಾಪಸು ಬಂದ ಮೇಲೆ ತೆಗೆದು ನೋಡಿದರೆ 'ಮ'ಕಾರದ ಡಬ್ಬಿಯೊಂದು ಬಿಟ್ಟು ಎಲ್ಲ ಸರಿಯಾಗಿತ್ತು. ಅದು ಮೊದಲೇ ನಾನೇ ಕಲಸಿಟ್ಟದ್ದಂತೆ. ಈಗ ದಿನಕ್ಕೆ ಎರಡು ಗಂಟೆ ಆ ಚೀಟಿಗಳ ಮುಂದೆ ಕೂರುತ್ತೇನೆ. ಕಣ್ಣು ಮೊದಲಿನಂತಿಲ್ಲ, ಆತುರವೂ ಮೊದಲಿನಂತಿಲ್ಲ.

ಸಭೆಯನ್ನು ಏರ್ಪಡಿಸಿದವರಿಗೆ, ಮೂರು ತಿಂಗಳು ಓಡಾಡಿದವರಿಗೆ, ಹಾರ ಶಾಲುಗಳ ಬದಲು ಪುಸ್ತಕ ತನ್ನಿ ಎಂಬ ಕೋರಿಕೆಯನ್ನು ನಿಜವಾಗಿ ಪಾಲಿಸಿದವರಿಗೆ ಋಣಿಯಾಗಿದ್ದೇನೆ. ಬಂದ ಪುಸ್ತಕಗಳನ್ನು ನಾನು ಓದಿದ ಹಾಸ್ಟೆಲಿಗೆ ಕೊಟ್ಟಾಗಿದೆ. ಅಲ್ಲಿ ಈಗ ಓದುವ ಕೋಣೆಯಿದೆ, ರಾತ್ರಿಯಿಡೀ ದೀಪವಿದೆ. ಭಾನುವಾರ ಬೆಳಿಗ್ಗೆ ಹಳಗನ್ನಡ ಓದಲು ಮನೆಗೆ ಬರುತ್ತೇವೆಂದ ಐದಾರು ಮಂದಿಗೆ ಬಾಗಿಲು ತೆರೆದಿರುತ್ತದೆ. ಚಂದ್ರವಳ್ಳಿಯವರೆಗೆ ನಡೆಯುವ ಶಕ್ತಿ ಮೊಣಕಾಲಿಗೆ ಇದ್ದ ದಿನ ಅಲ್ಲಿಗೂ ಹೋಗೋಣ.

ಆ ಅಧೀಕ್ಷಕಿಯವರು ನಿವೃತ್ತರಾಗಿದ್ದಾರೆ. ಸಭೆಗೆ ಬಸ್ಸಿನಲ್ಲಿ ಬಂದು ಹಿಂದಿನ ಸಾಲಿನಲ್ಲಿ ಕುಳಿತಿದ್ದರು. ವೇದಿಕೆಗೆ ಕರೆದರೂ ಬರಲಿಲ್ಲ. ಎಲ್ಲ ಮುಗಿದು ಹೊರಗೆ ಸಿಕ್ಕಾಗ ಮೊದಲು ನನ್ನ ಆರೋಗ್ಯ ವಿಚಾರಿಸಿದರು. ಆಮೇಲೆ ಕೈಚೀಲದಿಂದ ಆಹ್ವಾನ ಪತ್ರಿಕೆ ತೆಗೆದು, ನನ್ನ ಪರಿಚಯದ ಐದನೆಯ ಸಾಲಿನ ಮೇಲೆ ಬೆರಳಿಟ್ಟರು. ನಾನು ಸೇವೆಗೆ ಸೇರಿದ ವರ್ಷ 1984 ಎಂದಿರಬೇಕಾದ ಕಡೆ 1948 ಎಂದು ಅಚ್ಚಾಗಿತ್ತು. ಆಗ ನಾನಿನ್ನೂ ಹುಟ್ಟಿರಲಿಲ್ಲ. ಅಚ್ಚಿಗೆ ಹೋಗುವ ಮುಂಚೆ ಆ ಕರಡನ್ನು ಎರಡು ಸಲ ನೋಡಿ, ಸರಿಯಿದೆ ಎಂದು ಸಹಿ ಹಾಕಿದ್ದವನು ನಾನೇ.